ಮೂಕಿ ಹಾಸ್ಯ: ನೀವು ಕೇಳಿದ್ದು, ನಾವು ಹೇಳಿದ್ದು

ಪ್ರಶ್ನೆ: ಹಳೆಯ ಮೂಕಿ ಕಿರುಚಿತ್ರಗಳಲ್ಲಿ ಜನ ದಡಬಡ ಓಡಾಡುವುದೇಕೆ? ಕಾಲೇಜಿನ ಕಿರುಚಿತ್ರಕ್ಕೆ ಮೊಬೈಲಿನಲ್ಲಿ ತೆಗೆದು ಎಡಿಟಿಂಗ್‌ನಲ್ಲಿ ವೇಗ ಹೆಚ್ಚಿಸಿದೆವು, ಬರೀ ಜರ್ಕ್ ಹೊಡೆಯುತ್ತಿದೆ.

ಉತ್ತರ: ಕಾರಣ ಎರಡು. ಒಂದು, ಬೇಕೆಂದೇ ಮಾಡಿದ್ದು. ಆಗಿನ ಕ್ಯಾಮೆರಾದ ಹ್ಯಾಂಡಲ್ ಒಂದು ಸುತ್ತು ತಿರುಗಿದರೆ 8 ಫ್ರೇಮ್, ಅಂದರೆ ಬಿಡಿ ಚಿತ್ರ. ಸೆಕೆಂಡಿಗೆ ಎರಡು ಸುತ್ತು, ಅಂದರೆ 16 ಫ್ರೇಮ್, ವಾಡಿಕೆ. ಅಟ್ಟಿಸಿಕೊಂಡು ಹೋಗುವ ದೃಶ್ಯಕ್ಕೆ ಒಂದೂವರೆ ಸುತ್ತಿಗೆ ಇಳಿಸಿದರೆ 12. ಅದನ್ನು 16ರಲ್ಲಿ ತೋರಿಸಿದಾಗ ಓಟ ಮೂರನೇ ಒಂದು ಪಾಲು ಹೆಚ್ಚುತ್ತದೆ. ಇನ್ನೊಂದು, ನಂತರದವರ ಅವಾಂತರ. ಟಾಕಿ ಬಂದಮೇಲೆ ಪ್ರೊಜೆಕ್ಟರುಗಳ ವೇಗ ಸೆಕೆಂಡಿಗೆ 24 ಫ್ರೇಮಿಗೆ ನಿಂತಿತು, ಹಳೆಯ ರೀಲುಗಳನ್ನೂ ಅದೇ ವೇಗದಲ್ಲಿ ಓಡಿಸಿದರು. ಪಾಪ, ಗೋಳಿನ ದೃಶ್ಯಗಳೂ ಕುಣಿದಾಡಿದವು.

ನಿಮ್ಮ ಜರ್ಕ್‌ಗೆ ಕಾರಣ ಬೇರೆ. ವೇಗ ಹೆಚ್ಚಿಸಿದಾಗ ಸಾಫ್ಟ್‌ವೇರ್ ನಡುನಡುವೆ ಫ್ರೇಮುಗಳನ್ನು ಕಿತ್ತುಹಾಕುತ್ತದೆ. 24ರಲ್ಲಿ ಚಿತ್ರೀಕರಿಸಿ, 30ರ ಟೈಮ್‌ಲೈನಿನಲ್ಲಿಟ್ಟು, ವೇಗ ಶೇ. 125 ಮಾಡಿ; ಒಂದು ಫ್ರೇಮೂ ಕಳೆಯುವುದಿಲ್ಲ. ಬಿಸಿಲಿನಲ್ಲಿ ಮೊಬೈಲ್ ತಾನಾಗಿಯೇ ಶಟರ್ ವೇಗ ಏರಿಸುವುದರಿಂದ ಚಲನೆಯ ಮಸುಕು ಮಾಯವಾಗಿ ಕೈಕಾಲು ಹಾರಿಹಾರಿ ಕಾಣುತ್ತವೆ. ಕ್ಯಾಮೆರಾ ಆ್ಯಪ್‌ನ ಪ್ರೊ ಮೋಡ್‌ನಲ್ಲಿ ಶಟರನ್ನು ಸೆಕೆಂಡಿನ 1/50ಕ್ಕೆ ನಿಲ್ಲಿಸಿ, ಬೆಳಕು ಹೆಚ್ಚಾದರೆ ಎನ್‌ಡಿ ಫಿಲ್ಟರ್ (ಬೆಳಕು ತಗ್ಗಿಸುವ ಬೂದು ಗಾಜು) ಹಾಕಿ. ಭಾರದ ವಸ್ತು ಬೀಳುವ ಶಾಟಿಗೆ ಮಾತ್ರ ವೇಗ ಹೆಚ್ಚಿಸುವುದು ಬೇಡ: ವೇಗ ಒಂದೂಕಾಲು ಪಟ್ಟಾದರೆ ಗುರುತ್ವ ಒಂದೂವರೆ ಪಟ್ಟಿಗೂ ಮೀರಿದಂತೆ ತೋರುತ್ತದೆ, ಬೀರು ಬಿದ್ದರೂ ಆಟಿಕೆ ಬಿದ್ದಂತಿರುತ್ತದೆ.

ಪ್ರಶ್ನೆ: ನಾಟಕದಲ್ಲಿ ಮುಖಕ್ಕೆಸೆದ ಕ್ರೀಮ್ ಪೈ ಗಾಳಿಯಲ್ಲೇ ಚೂರಾಯಿತು.

ಉತ್ತರ: ತಿನ್ನುವ ಪೈ ಎಸೆಯಲು ಆಗದು. ಮೂಕಿ ಕಾಲದ ಅಮೆರಿಕದ ಹಾಸ್ಯನಟ ಬಸ್ಟರ್ ಕೀಟನ್ ಹೇಳಿದ ವಿಧಾನ ಹೀಗಿದೆ: ಪೈನ ಹಿಟ್ಟಿನ ಬೇಯಿಸಿದ ಎರಡು ತಳಗಳನ್ನು ಮೈದಾ ಅಂಟಿನಿಂದ ಒಂದರೊಳಗೊಂದು ಕೂಡಿಸಿ, ಅದೇ ಮೈದಾ-ನೀರಿನ ಸರಿಯನ್ನು ಒಂದಂಗುಲ ದಪ್ಪ ತುಂಬಿ, ಕ್ರೀಮನ್ನು ಮೇಲಷ್ಟೇ ಹಾಕುವುದು. ಕಪ್ಪು-ಬಿಳುಪು ಫಿಲ್ಮಿನಲ್ಲಿ ಎದ್ದು ಕಾಣಲು ತಿಳಿ ಉಡುಪಿನವರಿಗೆ ಗಾಢಬಣ್ಣದ ಪೈ, ಕಪ್ಪು ಉಡುಪಿನವರಿಗೆ ಬಿಳಿ. ಲೋಹದ ತಟ್ಟೆ ತೆಗೆದುಬಿಡಿ. ಬೀಸದೆ, ಅಂಗೈ ಮೇಲಿಟ್ಟು ನಾಲ್ಕೈದು ಅಡಿಯಿಂದ ಗುಂಡು ಎಸೆತದವರಂತೆ ನೂಕಿ. ಶೇವಿಂಗ್ ಫೋಮ್ ಬೇಡವೇ ಬೇಡ, ಕಣ್ಣು ಉರಿಯುತ್ತದೆ. ನಿಜವಾದ ಕಷ್ಟ ಹೊಡೆಸಿಕೊಳ್ಳುವವರದು: ಮುಂಚೆಯೇ ಕಣ್ಣು ಮುಚ್ಚಿದರೆ ನಗು ಸತ್ತಂತೆ.

ಪ್ರಶ್ನೆ: ಕೀಟನ್‌ನ ‘ಒನ್ ವೀಕ್’ (1920) ಚಿತ್ರದಲ್ಲಿ ಬಿರುಗಾಳಿಗೆ ಗಿರಗಿರ ತಿರುಗುವ ಮನೆ ಪುಟ್ಟ ಮಾಡೆಲ್ಲೇ?

ಉತ್ತರ: ಅಲ್ಲ, ತಿರುಗುವ ಕಟ್ಟೆಯ ಮೇಲೆ ಕಟ್ಟಿದ ಪೂರ್ಣ ಗಾತ್ರದ ಮನೆ. ಕೊನೆಯಲ್ಲಿ ಒಂದು ರೈಲು ಪಕ್ಕದ ಹಳಿಯಲ್ಲಿ ಹಾದುಹೋಗಿ, ದಂಪತಿ ‘ಉಸ್ಸಪ್ಪಾ’ ಎನ್ನುವಷ್ಟರಲ್ಲಿ ಎದುರು ದಿಕ್ಕಿನಿಂದ ಇನ್ನೊಂದು ಬಂದು ಹಳಿಯ ಮೇಲೆ ಸಿಕ್ಕಿಕೊಂಡ ಮನೆಯನ್ನು ಪುಡಿ ಮಾಡುತ್ತದಲ್ಲ, ಅಲ್ಲಿಯೂ ಮಾಡೆಲ್ ಇಲ್ಲ.