ನೇಮಕಾತಿ ತಕರಾರು: ಓದುಗರ ಪ್ರಶ್ನೆ, ವಕೀಲರ ಉತ್ತರ

ಪ್ರಶ್ನೆ: ನಾನು ಪ್ರವರ್ಗ 2ಎ. ಮದುವೆಯಾಗಿ ನಾಲ್ಕು ವರ್ಷ. ಅರ್ಜಿಗೆ ತಂದೆಯ ಹೆಸರಿನಲ್ಲಿದ್ದ ಜಾತಿ-ಆದಾಯ ಪ್ರಮಾಣಪತ್ರ ಕೊಟ್ಟಿದ್ದೆ. ತಾತ್ಕಾಲಿಕ ಪಟ್ಟಿಯಲ್ಲಿ ‘ಗಂಡನ ಆದಾಯದ ಪತ್ರ ಇಲ್ಲ’ ಎಂದು ನನ್ನನ್ನು ಸಾಮಾನ್ಯ ವರ್ಗಕ್ಕೆ ತಳ್ಳಿದ್ದಾರೆ. ನೇರ ಹೈಕೋರ್ಟಿಗೆ ಹೋಗಲೆ?
– ಓದುಗರೊಬ್ಬರು, ಹೊಸನಗರ

ಉತ್ತರ: ಬೇಡ. ಹೋದರೆ ತಿಂಗಳುಗಟ್ಟಲೆ ಕಾದು ಕೊನೆಗೆ ಕೆಎಟಿ (ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ) ಬಾಗಿಲಿಗೇ ಬರುತ್ತೀರಿ. ಇದೇ ತಕರಾರು 15,000 ಪದವೀಧರ ಶಿಕ್ಷಕರ ನೇಮಕಾತಿಯಲ್ಲಿ ಎದ್ದಿತ್ತು. 2023ರಲ್ಲಿ ಹೈಕೋರ್ಟಿನ ಏಕಸದಸ್ಯ ಪೀಠ ನಿಮ್ಮಂಥವರ ಪರವಾಗಿ ಹೇಳಿತು. ಅದೇ ವರ್ಷ ವಿಭಾಗೀಯ ಪೀಠ, ಮೊದಲು ಆಡಳಿತ ನ್ಯಾಯಮಂಡಳಿಗೆ ಹೋಗಿ ಎಂದು ವಾಪಸು ಕಳಿಸಿತು. ಎಲ್. ಚಂದ್ರಕುಮಾರ್ ಪ್ರಕರಣದಲ್ಲಿ 1997ರಲ್ಲೇ ಸುಪ್ರೀಂ ಕೋರ್ಟ್ ಹೇಳಿದ ಮಾತು ಅದು: ಸರ್ಕಾರಿ ಸೇವೆಯ ವ್ಯಾಜ್ಯ ಮೊದಲು ನ್ಯಾಯಮಂಡಳಿಗೆ, ಅಲ್ಲಿ ಸೋತರೆ ಹೈಕೋರ್ಟಿನ ವಿಭಾಗೀಯ ಪೀಠಕ್ಕೆ.

ಈಗ ಮಾಡಬೇಕಾದ್ದು ಆಕ್ಷೇಪಣೆ. ಪಟ್ಟಿಯ ಜೊತೆಗಿನ ಪ್ರಕಟಣೆಯಲ್ಲೇ ಅದಕ್ಕೆ ಗಡುವು ಇರುತ್ತದೆ, ಬಹಳ ಸಲ ಒಂದು ವಾರಕ್ಕಿಂತ ಹೆಚ್ಚಿರುವುದಿಲ್ಲ. ‘ನನಗೆ ಅನ್ಯಾಯವಾಗಿದೆ’ ಎಂದು ಎರಡು ಪುಟ ಬರೆಯುವುದರಿಂದ ಪ್ರಯೋಜನವಿಲ್ಲ. ಅರ್ಜಿ ಸಂಖ್ಯೆ, ನಿಮ್ಮ ಅಂಕ, 2ಎ ಮಹಿಳಾ ಕೋಟಾದ ಕೊನೆಯ ಅಭ್ಯರ್ಥಿಯ ಅಂಕ, ಪ್ರಮಾಣಪತ್ರದ ಆರ್‌ಡಿ ಸಂಖ್ಯೆ (ಪತ್ರದ ಮೇಲೆ ‘ಆರ್‌ಡಿ’ ಎಂದು ಶುರುವಾಗುವ ಸಂಖ್ಯೆ), ಅದು ಅಧಿಸೂಚನೆಯ ಯಾವ ಕಂಡಿಕೆಗೆ ಸರಿಹೊಂದುತ್ತದೆ ಎಂಬುದು, ಇಷ್ಟೇ ಸಾಕು. ಆರ್‌ಡಿ ಸಂಖ್ಯೆಯನ್ನು ಅಂಕಿ ಅಂಕಿಯಾಗಿ ತಾಳೆ ನೋಡಿ. ಆನ್‌ಲೈನ್ ಅರ್ಜಿಯಲ್ಲಿ ಒಂದು ಅಂಕಿ ತಪ್ಪಾಗಿ ಬಿದ್ದಿದ್ದರೆ ಪರಿಶೀಲನೆಯಲ್ಲಿ ಪತ್ರವೇ ಇಲ್ಲವೆಂದಾಗುತ್ತದೆ. 2ಎ, 2ಬಿ, 3ಎ, 3ಬಿಗೆ ಬೇಕಾದ್ದು ನಮೂನೆ-ಎಫ್‌ನಲ್ಲಿರುವ ಜಾತಿ-ಆದಾಯ ಪ್ರಮಾಣಪತ್ರ. ಅದು ಅರ್ಜಿಯ ಕೊನೆಯ ದಿನಕ್ಕೆ ಚಾಲ್ತಿಯಲ್ಲಿತ್ತೆ ಎಂಬುದನ್ನೂ ನೋಡಿಕೊಳ್ಳಿ. ಆಕ್ಷೇಪಣೆ ಕೊಟ್ಟದ್ದಕ್ಕೆ ಸ್ವೀಕೃತಿ ತೆಗೆದುಕೊಳ್ಳದೆ ಮನೆಗೆ ಬರಬೇಡಿ.

ಅಂತಿಮ ಪಟ್ಟಿಯಲ್ಲೂ ಸರಿಯಾಗದಿದ್ದರೆ ಕೆಎಟಿ. ಶಿವಮೊಗ್ಗ ಜಿಲ್ಲೆಯವರಿಗೆ ಬೆಂಗಳೂರು ಪೀಠವೇ. ಸಾಗರ, ಸೊರಬದ ಕಡೆಯವರು ಹತ್ತಿರವೆಂದು ಬೆಳಗಾವಿ ಪೀಠವನ್ನು ವಿಚಾರಿಸುವುದುಂಟು, ಅದು ಬೆಳಗಾವಿ ವಿಭಾಗದ ಜಿಲ್ಲೆಗಳಿಗೆ. ಅಂತಿಮ ಆದೇಶದಿಂದ ಒಂದು ವರ್ಷ ಅವಧಿ ಇದೆ. ಆದರೆ ವರ್ಷವಿದೆಯಲ್ಲ ಎಂದು ಕೂತರೆ ಅಷ್ಟರಲ್ಲಿ ನೇಮಕಾತಿ ಆದೇಶ ಹೊರಟಿರುತ್ತದೆ. ಹಾಗಾಗಿ ಅರ್ಜಿಯ ಜೊತೆಗೇ ‘2ಎ ಮಹಿಳಾ ಕೋಟಾದಲ್ಲಿ ಒಂದು ಹುದ್ದೆ ಖಾಲಿ ಇಡಬೇಕು’ ಎಂಬ ಮಧ್ಯಂತರ ಕೋರಿಕೆ ಇರಲಿ. ಪಟ್ಟಿಯನ್ನೇ ರದ್ದು ಮಾಡಿ ಎಂದು ಕೇಳುವುದಕ್ಕಿಂತ ಇದಕ್ಕೆ ನ್ಯಾಯಮಂಡಳಿ ಬೇಗ ಒಪ್ಪುತ್ತದೆ. ನೀವು ಬಂದರೆ ಹೊರಹೋಗಬೇಕಾದ ಕೊನೆಯ ಅಭ್ಯರ್ಥಿಯನ್ನು ಪ್ರತಿವಾದಿ ಮಾಡಿ. ಅವರನ್ನು ಬಿಟ್ಟರೆ ಒಳ್ಳೆಯ ಕೇಸೂ ಅಲ್ಲೇ ಬೀಳುತ್ತದೆ.

ಮುಂದಿನ ಸಲಕ್ಕೆ ತಂದೆಯದು, ಗಂಡನದು ಎರಡೂ ಪತ್ರ ಕೊನೆಯ ದಿನದೊಳಗೆ ಮಾಡಿಸಿಟ್ಟುಕೊಳ್ಳಿ. ಜುಲೈ ಮಳೆಯಲ್ಲಿ ಕರೆಂಟೂ ಇಲ್ಲ, ಸರ್ವರೂ ಇಲ್ಲ ಎಂದು ನಾಡಕಚೇರಿಯವರು ಹೇಳಿದರೆ ಅದು ನಿಜವೇ ಇರಬಹುದು. ಆದರೆ ನೇಮಕಾತಿ ಪ್ರಾಧಿಕಾರ ಆ ಕಾರಣವನ್ನು ಕೇಳುವುದಿಲ್ಲ.

ಪ್ರಶ್ನೆ: ವಿದ್ಯುತ್ ಸರಬರಾಜು ಕಂಪನಿಯ ಕಿರಿಯ ಎಂಜಿನಿಯರ್ ಹುದ್ದೆಗೆ ಡಿಪ್ಲೊಮಾ ಕೇಳಿದ್ದಾರೆ. ನಾನು ಪಿಯುಸಿಯಿಂದ ನೇರ ಬಿಇ. ಹೆಚ್ಚು ಓದಿದವರು ಅನರ್ಹರಾಗುವುದು ಹೇಗೆ?
– ಓದುಗರು, ಭದ್ರಾವತಿ

ಉತ್ತರ: ಆಗುತ್ತಾರೆ. ಜಹೂರ್ ಅಹ್ಮದ್ ರಾಥರ್ ಪ್ರಕರಣದಲ್ಲಿ (2018) ಸುಪ್ರೀಂ ಕೋರ್ಟ್ ಸ್ಪಷ್ಟವಾಗಿ ಹೇಳಿದೆ: ನಿಯಮದಲ್ಲೇ ಅವಕಾಶ ಇಲ್ಲದಿದ್ದರೆ, ಮೇಲಿನ ವಿದ್ಯಾರ್ಹತೆಯೊಳಗೆ ಕೆಳಗಿನದು ಅಡಗಿದೆ ಎಂದು ಕೋರ್ಟು ಊಹಿಸುವಂತಿಲ್ಲ. ಯಾವುದು ತತ್ಸಮಾನ ಎಂದು ನಿರ್ಧರಿಸುವುದು ಉದ್ಯೋಗದಾತರ ಕೆಲಸ. ಆದ್ದರಿಂದ ಅಧಿಸೂಚನೆಯನ್ನಷ್ಟೇ ಅಲ್ಲ, ಅದರ ಬೆನ್ನಿಗಿರುವ ವೃಂದ ಮತ್ತು ನೇಮಕಾತಿ ನಿಯಮವನ್ನೂ ತರಿಸಿ ಓದಿ. ಮಾಹಿತಿ ಹಕ್ಕಿನಲ್ಲಿ ಹತ್ತು ರೂಪಾಯಿ ಶುಲ್ಕ, 30 ದಿನ. ‘ಅಥವಾ ಹೆಚ್ಚಿನ’ ಎಂಬ ಎರಡು ಪದ ಅಲ್ಲಿದ್ದರೆ ನಿಮ್ಮ ವಾದಕ್ಕೆ ಕಾಲು ಬಂತು. ಇಲ್ಲದಿದ್ದರೆ ಪರೀಕ್ಷೆಗೆ ಕೂರುವ ಮೊದಲೇ ನಿಯಮವನ್ನು ಪ್ರಶ್ನಿಸಿ. ಪರೀಕ್ಷೆ ಬರೆದು, ಫಲಿತಾಂಶ ನೋಡಿ, ಆಮೇಲೆ ನಿಯಮ ಸರಿಯಿಲ್ಲ ಎಂದರೆ ಕೋರ್ಟು ಒಪ್ಪುವುದು ಕಷ್ಟ. ನಿಮ್ಮದು ಕಂಪನಿಯ ಹುದ್ದೆ, ರಾಜ್ಯ ಸಿವಿಲ್ ಸೇವೆಯಲ್ಲ. ಹಾಗಾಗಿ ಕೆಎಟಿ ಅಲ್ಲ, ಹೈಕೋರ್ಟಿನಲ್ಲಿ ರಿಟ್. ಶಂಕರಘಟ್ಟದ ಕುವೆಂಪು ವಿಶ್ವವಿದ್ಯಾಲಯದ ಹುದ್ದೆಗೂ ಹೀಗೇ. ಕೇಂದ್ರ ಸರ್ಕಾರದ ಹುದ್ದೆಯಾದರೆ ಸಿಎಟಿ (ಕೇಂದ್ರ ಆಡಳಿತ ನ್ಯಾಯಮಂಡಳಿ). ಹೆಸರುಗಳು ಕಿವಿಗೆ ಒಂದೇ ಥರ ಕೇಳುತ್ತವೆ, ಕಚೇರಿಗಳು ಬೇರೆ.

ಪ್ರಶ್ನೆ: ಒಂದರಿಂದ ಏಳು ಹಳ್ಳಿ ಶಾಲೆ, ಹೈಸ್ಕೂಲು ತೀರ್ಥಹಳ್ಳಿ ಪಟ್ಟಣದಲ್ಲಿ. ಗ್ರಾಮೀಣ ಮೀಸಲಾತಿ ಸಿಗುತ್ತದೆಯೇ?
– ಓದುಗರು, ಆಗುಂಬೆ

ಉತ್ತರ: ಇಲ್ಲ. ಒಂದರಿಂದ ಹತ್ತನೇ ತರಗತಿವರೆಗೆ ಅಷ್ಟೂ ವರ್ಷ ಗ್ರಾಮೀಣ ಪ್ರದೇಶದ ಶಾಲೆಯಲ್ಲಿ ಓದಿರಬೇಕು; ತೀರ್ಥಹಳ್ಳಿ ಪಟ್ಟಣ ಪಂಚಾಯಿತಿ, ಗ್ರಾಮೀಣ ಪ್ರದೇಶವಲ್ಲ. ನಿಮ್ಮ ಮನೆ ಎಲ್ಲಿದೆ ಎಂಬುದು ಲೆಕ್ಕಕ್ಕಿಲ್ಲ, ಶಾಲೆ ಎಲ್ಲಿತ್ತು ಎಂಬುದಷ್ಟೇ. ಮುಖ್ಯೋಪಾಧ್ಯಾಯರ ಸಹಿ, ಬಿಇಒ ಮೇಲುಸಹಿ ಹೇಗೋ ಆಯಿತೆಂದು ಆ ಕಾಲಂಗೆ ‘ಹೌದು’ ಹಾಕಬೇಡಿ. ದಾಖಲೆ ಪರಿಶೀಲನೆಯಲ್ಲಿ ಅದು ಸಿಕ್ಕಿಬಿದ್ದರೆ ಆಯ್ಕೆಯೇ ರದ್ದಾಗಬಹುದು.

ಪ್ರಶ್ನೆ: ಕೊನೆಯ ಸೆಮಿಸ್ಟರ್ ಪರೀಕ್ಷೆ ಅರ್ಜಿಯ ಕೊನೆಯ ದಿನಕ್ಕೆ ಮುಂಚೆಯೇ ಮುಗಿದಿತ್ತು, ಫಲಿತಾಂಶ ಹತ್ತು ದಿನ ತಡವಾಗಿ ಬಂತು. ನಾನು ಅರ್ಹನೆ?
– ಓದುಗರು, ಶಿಕಾರಿಪುರ

ಉತ್ತರ: ಅಧಿಸೂಚನೆ ಬೇರೆ ದಿನಾಂಕ ಕೊಡದಿದ್ದರೆ, ಅಲ್ಲ. ಅಶೋಕ್ ಕುಮಾರ್ ಶರ್ಮಾ ತೀರ್ಪು (1997) ಈ ಬಾಗಿಲು ಮುಚ್ಚಿದೆ. ಫಲಿತಾಂಶ ಮೊದಲೇ ಪ್ರಕಟವಾಗಿದ್ದು ಘಟಿಕೋತ್ಸವದ ಪ್ರಮಾಣಪತ್ರ ಮಾತ್ರ ತಡವಾಗಿದ್ದರೆ ಮಾತು ಬೇರೆ. ಫಲಿತಾಂಶದ ದಿನಾಂಕ ನಮೂದಿಸಿದ ಪತ್ರವನ್ನು ವಿಶ್ವವಿದ್ಯಾಲಯದ ಪರೀಕ್ಷಾ ವಿಭಾಗದಿಂದ ಪಡೆದುಕೊಳ್ಳಿ.