ಸೇಫ್ ಡೌನ್‌ಲೋಡರ್ ಯಾವ್ದು ಅಂತ ನಾನೂ ಹುಡುಕಿದ್ದೆ, ಆರು ವರ್ಷದ ಚಾನೆಲ್ ಹೋಯ್ತು

ಊರಲ್ಲಿ ನೆಟ್‌ವರ್ಕ್ ಇಲ್ಲ, ಅಜ್ಜಿಗೆ ಪೆನ್‌ಡ್ರೈವ್‌ಗೆ ವಿಡಿಯೊ ತುಂಬಿಸಿ ಕೊಡ್ಬೇಕು, ವೈರಸ್ ಇಲ್ಲದ ಡೌನ್‌ಲೋಡರ್ ಯಾವ್ದು, ಮನೇಲಿ ನೋಡೋಕೆ ಮಾತ್ರ ಆದ್ರೆ ಕೇಸ್ ಗೀಸ್ ಆಗಲ್ಲ ಅಲ್ವಾ ಅಂತ ಕೇಳಿದ್ದೀರಿ. ಅಜ್ಜಿ ಅನ್ನೋ ಕಡೆ ಅಪ್ಪಯ್ಯ ಅಂತ ಹಾಕಿದ್ರೆ ಇದು 2023ರ ಜುಲೈನಲ್ಲಿ ನಾನು ಗೂಗಲ್‌ಗೆ ಕೇಳಿದ ಪ್ರಶ್ನೆನೇ ಮಾರಾಯ್ರೆ.

ನಂದು ಕುಂದಾಪುರದಲ್ಲಿ ಸಣ್ಣ ಸ್ಟುಡಿಯೊ. ಮದುವೆ, ಉಪನಯನ, ಗೃಹಪ್ರವೇಶದ ವಿಡಿಯೊ ಮಾಡ್ತೀನಿ. 2017ರಿಂದ ಯಕ್ಷಗಾನದ್ದೊಂದು ಚಾನೆಲ್ ಇತ್ತು, ಹರಕೆ ಆಟ ಆಡಿಸೋರು ಕರೀತಾರೆ, ಮೇಳದವ್ರನ್ನ ಕೇಳ್ಕೊಂಡು ರೆಕಾರ್ಡ್ ಮಾಡಿ ಹಾಕ್ತಿದ್ದೆ. ದುಡ್ಡೇನೂ ಬರ್ತಿರ್ಲಿಲ್ಲ, ಹನ್ನೊಂದು ಸಾವಿರ ಚಿಲ್ಲರೆ ಸಬ್‌ಸ್ಕ್ರೈಬರ್ಸ್, ಅಷ್ಟೇ. ಮನೆ ಇರೋದು ಹೊಸಂಗಡಿ ಕಡೆ, ಬಾಳೆಬರೆ ಘಾಟಿ ಬುಡದಲ್ಲಿ. ಮಳೆಗಾಲದಲ್ಲಿ ಕರೆಂಟ್ ಹೋದ್ರೆ ಟವರ್ ಕೂಡ ಹೋಗತ್ತೆ. ಮೇಳದ ತಿರುಗಾಟ ನಿಂತಿರತ್ತೆ, ಅಪ್ಪಯ್ಯಂಗೆ ತಾಳಮದ್ದಳೆ (ಕೂತು ಮಾತಲ್ಲೇ ನಡೆಸೋ ಯಕ್ಷಗಾನ) ಬೇಕು, ಫೋನಲ್ಲಿ ಹಾಕಿ ಕೊಟ್ರೆ ಕರ್ಣ ಬಾಯಿ ತೆರೆಯೋಷ್ಟ್ರಲ್ಲಿ ಬಫರಿಂಗ್. ಟಿವಿಗೆ ಯುಎಸ್‌ಬಿ ಇದೆ, ಅದಕ್ಕೆ ಹಾಕಿ ಕೊಡು ಅಂದ್ರು.

ಬೇಕಾಗಿದ್ದು ಬೇರೆಯವ್ರ ಚಾನೆಲ್‌ನ ನಾಲ್ಕೂವರೆ ಗಂಟೆಯ ಒಂದು ತಾಳಮದ್ದಳೆ. ಮೊದ್ಲು ಲಿಂಕ್ ಪೇಸ್ಟ್ ಮಾಡೋ ವೆಬ್‌ಸೈಟ್‌ಗಳು. ಮೂರು ಡೌನ್‌ಲೋಡ್ ಬಟನ್ ಇರತ್ತೆ, ಎರಡು ಜಾಹೀರಾತು, ಮೂರನೇದನ್ನ ಒತ್ತಿದ್ರೆ ‘ನೋಟಿಫಿಕೇಶನ್ ಅಲೋ ಮಾಡಿ’ ಅನ್ನತ್ತೆ. ಹೇಗೋ ಬಂತು, ಬಂದದ್ದು ಧ್ವನಿನೇ ಇಲ್ಲದ ವಿಡಿಯೊ. ಅದಕ್ಕೆ ಕಾರಣ ಇದೆ: 1080ಪಿಯಲ್ಲಿ ಯೂಟ್ಯೂಬ್ ಚಿತ್ರವನ್ನ ಒಂದು ಕಡೆ, ಧ್ವನಿಯನ್ನ ಇನ್ನೊಂದು ಕಡೆ ಇಟ್ಟಿರತ್ತೆ, ನೋಡುವಾಗ ಆ್ಯಪ್ ಎರಡನ್ನೂ ಸೇರಿಸತ್ತೆ. ಇಳಿಸೋನಿಗೆ ಸೇರಿಸೋಕೆ ಇನ್ನೊಂದು ಸಾಫ್ಟ್‌ವೇರ್ ಬೇಕು. ನಮ್ಮಂಥವ್ರು ಜಾರಿ ಬೀಳೋದು ಇಲ್ಲೇ, ವೆಬ್‌ಸೈಟ್ ಬಿಟ್ಟು ‘ಪಿಸಿಗೆ ಇನ್‌ಸ್ಟಾಲ್ ಮಾಡ್ಕೊಳ್ಳಿ, ಫುಲ್ ಎಚ್‌ಡಿ ವಿತ್ ಸೌಂಡ್’ ಅನ್ನೋ ಕಡೆ ಹೋಗ್ತೀವಿ. ತಾಳಮದ್ದಳೆಗೆ ಫುಲ್ ಎಚ್‌ಡಿ ಯಾಕೆ ಬೇಕಿತ್ತು ನಂಗೆ, ವೇಷ ಇಲ್ಲ, ಕುಣಿತ ಇಲ್ಲ, ನಾಲ್ಕು ಜನ ಕೂತು ಪಾತ್ರದ ಮಾತಾಡೋದು, ಅದಕ್ಕೆ ‘ಅರ್ಥ’ ಅಂತಾರೆ. ಸ್ಟುಡಿಯೊ ಇಟ್ಟವನ ಚಟ.

ಈಗ ನಾನು ಮಾಡಿದ ತಪ್ಪು, ಇದನ್ನ ಸ್ವಲ್ಪ ಉದ್ದ ಹೇಳ್ತೀನಿ, ಬೇಜಾರಾಗ್ಬೇಡಿ.

ಆ ಪಿಸಿ ಸಾಫ್ಟ್‌ವೇರ್‌ನ ಫೈಲ್ ಜಿಪ್‌ನಲ್ಲಿತ್ತು, ಜಿಪ್‌ಗೆ ಪಾಸ್‌ವರ್ಡ್, ಪಾಸ್‌ವರ್ಡ್ 1234 ಅಂತ ಅದೇ ಪೇಜಲ್ಲಿ ಬರೆದಿದ್ರು. ಅಬ್ಬ ಎಷ್ಟು ಸೆಕ್ಯೂರ್ ಆಗಿ ಕೊಟ್ಟಿದ್ದಾರೆ ಪಾಪ ಅಂತ ನಂಗೆ ಅನ್ಸಿತ್ತು! ಪಾಸ್‌ವರ್ಡ್ ಹಾಕೋದು ನಮ್ಮ ಸೆಕ್ಯೂರಿಟಿಗಲ್ಲ, ಬೀಗ ಹಾಕಿದ ಪೆಟ್ಟಿಗೆ ಒಳಗೆ ಆ್ಯಂಟಿವೈರಸ್ ಇಣುಕಬಾರ್ದು ಅಂತ. ಬಿಚ್ಚಿದ್ರೆ 700 ಎಂಬಿ ಮೇಲಿತ್ತು. ವಿಡಿಯೊ ಇಳಿಸೋ ಟೂಲ್‌ಗೆ 700 ಎಂಬಿ ಯಾಕೆ ಬೇಕು? ಒಳಗೆ ಬರೀ ಸೊನ್ನೆ ತುಂಬಿಸಿ ಉಬ್ಬಿಸಿರ್ತಾರಂತೆ, ತುಂಬಾ ದೊಡ್ಡ ಫೈಲ್‌ಗಳನ್ನ ಎಷ್ಟೋ ಸ್ಕ್ಯಾನರ್‌ಗಳು ಹಾಗೇ ಬಿಟ್ಟುಬಿಡ್ತಾವೆ. ‘ಡಿಫೆಂಡರ್ ಸುಮ್ನೆ ತಪ್ಪು ತೋರಿಸತ್ತೆ, ಐದು ನಿಮಿಷ ಆಫ್ ಮಾಡಿ’ ಅಂತಾನೂ ಬರೆದಿತ್ತು, ಡಿಫೆಂಡರ್ ಅಂದ್ರೆ ವಿಂಡೋಸ್ ಜೊತೆಗೇ ಬರೋ ಆ್ಯಂಟಿವೈರಸ್. ಮಾಡಿದೆ. ಡಬಲ್ ಕ್ಲಿಕ್ ಮಾಡಿದ್ರೆ ಕಪ್ಪು ವಿಂಡೊ ಒಂದು ಮಿಂಚಿ ಮಾಯ ಆಯ್ತು, ಆಮೇಲೆ ‘ಡಿಎಲ್‌ಎಲ್ ಫೈಲ್ ಸಿಗ್ತಿಲ್ಲ’ ಅಂತ ಎರರ್. ಕೆಲ್ಸ ಆಗ್ಲಿಲ್ಲ ಅಂದ್ಕೊಂಡು ಮೂರು ಸಲ ಒತ್ತಿದೆ ಮಾರಾಯ್ರೆ, ಮೂರು ಸಲ. ಅದರ ಕೆಲ್ಸ ಮೊದಲ್ನೇ ಸಲಕ್ಕೇ ಆಗಿತ್ತು.

ಇಷ್ಟೆಲ್ಲಾ ಆದ್ರೂ ಅದು ಯಾವ್ದೋ ಹಳೇ ಖಾಲಿ ಲ್ಯಾಪ್‌ಟಾಪ್ ಆಗಿದ್ರೆ ಫಾರ್ಮ್ಯಾಟ್ ಮಾಡಿ ಎದ್ದು ಹೋಗ್ತಿದ್ದೆ. ನಾನು ಮಾಡಿದ್ದು ಸ್ಟುಡಿಯೊ ಕಂಪ್ಯೂಟರ್‌ನಲ್ಲಿ, ಚಾನೆಲ್ ಲಾಗಿನ್ ಆಗಿದ್ದ ಕಡೆನೇ. ಅಸಲಿ ತಪ್ಪು ಅದು. ಟು ಸ್ಟೆಪ್ ಇದೆ, ಒಟಿಪಿ ನನ್ನ ಫೋನ್‌ಗೇ ಬರೋದು, ಯಾರು ಏನ್ ಮಾಡೋಕಾಗತ್ತೆ ಅನ್ನೋ ಧೈರ್ಯ. ಟೆಂಟ್ ಆಟ ನೋಡಿದ್ರೆ ಗೊತ್ತಿರತ್ತೆ, ಗೇಟಲ್ಲಿ ಟಿಕೆಟ್ ಹರಿದು ಅರ್ಧ ಚೂರು ನಮ್ಮ ಕೈಗೆ ಕೊಡ್ತಾರೆ, ನಡುರಾತ್ರಿ ಚಾ ಕುಡಿಯೋಕೆ ಹೊರಗೆ ಬಂದು ವಾಪಸ್ ಹೋಗುವಾಗ ಆ ಚೂರು ತೋರಿಸಿದ್ರೆ ಸಾಕು, ಮತ್ತೆ ಯಾರೂ ದುಡ್ಡು ಕೇಳಲ್ಲ. ಬ್ರೌಸರ್‌ನ ಕುಕಿ ಅಂದ್ರೆ ಆ ಚೂರು. ಪಾಸ್‌ವರ್ಡ್, ಒಟಿಪಿ ಎಲ್ಲಾ ಗೇಟಲ್ಲಿ ಒಂದು ಸಲ. ನನ್ನ ಪಾಸ್‌ವರ್ಡ್ ಯಾರೂ ಒಡೀಲಿಲ್ಲ, ಜೇಬಿಂದ ಚೂರು ಎತ್ಕೊಂಡು ಹೋದ್ರು, ನಾನೇ ಅಂತ ಒಳಗೆ ಹೋದ್ರು. ಆವತ್ತೇ ಬೇರೆ ಫೋನಿಂದ ‘ಎಲ್ಲಾ ಡಿವೈಸ್‌ನಿಂದ ಸೈನ್ ಔಟ್’ ಕೊಟ್ಟು ಪಾಸ್‌ವರ್ಡ್ ಬದಲಾಯಿಸಿದ್ರೆ ಆ ಚೂರು ರದ್ದಾಗ್ತಿತ್ತು. ನಾನು ಡಿಫೆಂಡರ್ ವಾಪಸ್ ಆನ್ ಮಾಡಿ, ಸ್ಕ್ಯಾನ್‌ಗೆ ಹಾಕಿ ಊಟಕ್ಕೆ ಹೋದೆ.

ಮಾರನೇ ದಿನ ಬೆಳಿಗ್ಗೆ ಆರು ಗಂಟೆ ಆಗಿರ್ಲಿಲ್ಲ, ದುಬೈಯಿಂದ ಭಾವನ ಫೋನ್. ‘ನಿನ್ನ ಚಾನೆಲ್‌ನಲ್ಲಿ ಯಾರೋ ಕೋಟು ಹಾಕಿದ ಬಿಳಿ ಜನ ಬಿಟ್‌ಕಾಯಿನ್ ಬಗ್ಗೆ ಮಾತಾಡ್ತಾ ಇದ್ದಾರಲ್ಲ, ಎಂತ ಮಾರಾಯ, ಯಕ್ಷಗಾನ ಬಿಟ್ಯಾ?’ ಚಾನೆಲ್ ಹೆಸರು ಬದಲಾಗಿತ್ತು, ಲೈವ್ ಓಡ್ತಿತ್ತು, ನನ್ನ ವಿಡಿಯೊಗಳು ಒಂದೂ ಕಾಣಿಸ್ತಿರ್ಲಿಲ್ಲ, ರಿಕವರಿ ನಂಬರ್ ಕೂಡ ನಂದಲ್ಲ. ಮಧ್ಯಾಹ್ನದ ಹೊತ್ತಿಗೆ ಆ ಮೋಸದ ಲೈವ್‌ನಿಂದ ಚಾನೆಲ್ಲೇ ಟರ್ಮಿನೇಟ್.

ನಿಮ್ಮ ಕಾನೂನಿನ ಪ್ರಶ್ನೆ ನಂಗೆ ತಲೆಗೆ ಬಂದದ್ದು ಆಗ. ಕಂಪ್ಲೇಂಟ್ ಕೊಡೋಕೆ ಎರಡು ದಿನ ಹೋಗ್ಲೇ ಇಲ್ಲ, ನೀವೇನು ಡೌನ್‌ಲೋಡ್ ಮಾಡ್ತಿದ್ರಿ ಅಂತ ಕೇಳಿದ್ರೆ ಏನ್ ಹೇಳ್ಲಿ ಅಂತ. ಮೂರನೇ ದಿನ ಹೋದೆ, ಅದನ್ನೇ ಕೇಳಿದ್ರು. ತಾಳಮದ್ದಳೆ ಅಂದೆ. ಅವ್ರು ಪೆನ್ನು ಕೆಳಗಿಟ್ಟು ‘ಯಾರದ್ದು ಅರ್ಥ?’ ಅಂದ್ರು.

ಆಮೇಲೆ ವಕೀಲ ಗೆಳೆಯನ ಹತ್ರ ಕೂತು ತಿಳ್ಕೊಂಡದ್ದು ಇಷ್ಟು. 1957ರ ಕಾಪಿರೈಟ್ ಕಾಯ್ದೆಯ 52ನೇ ಸೆಕ್ಷನ್‌ನಲ್ಲಿ ಖಾಸಗಿ, ಸ್ವಂತ ಬಳಕೆಗೆ ‘ಫೇರ್ ಡೀಲಿಂಗ್’ ಅಂತ ಒಂದು ವಿನಾಯಿತಿ ಇದೆ, ನೀವು ಹಿಡ್ಕೊಂಡಿರೋದು ಅದನ್ನೇ. ಆದ್ರೆ ಪೂರ್ತಿ ವಿಡಿಯೊ ಇಳಿಸಿ ಇಟ್ಕೊಳ್ಳೋದೆಲ್ಲಾ ಫೇರ್ ಅಂತ ಅಲ್ಲಿ ಎಲ್ಲೂ ಬರೆದಿಲ್ಲ. ಯೂಟ್ಯೂಬ್‌ನ ನಿಯಮದಲ್ಲಂತೂ ಅವ್ರು ಕೊಟ್ಟ ದಾರಿ ಬಿಟ್ಟು ಅಥವಾ ಅನುಮತಿ ಇಲ್ದೆ ಇಳಿಸ್ಬಾರ್ದು ಅಂತ ನೇರವಾಗಿ ಇದೆ. ಅದು ಒಪ್ಪಂದ, ಮುರಿದ್ರೆ ಅಕೌಂಟ್‌ಗೆ ಕುತ್ತು, ಪೊಲೀಸ್ ಬರೋ ವಿಷಯ ಅಲ್ಲ. ಓಟಿಟಿ ಕಥೆ ಬೇರೆ. ಅಲ್ಲಿ ಡಿಆರ್‌ಎಂ ಅಂತ ಬೀಗ ಇರತ್ತೆ, ಹಕ್ಕು ಉಲ್ಲಂಘಿಸೋ ಉದ್ದೇಶದಿಂದ ಬೀಗ ಒಡೆದ್ರೆ 2012ರಲ್ಲಿ ಸೇರಿಸಿದ 65ಎ ಸೆಕ್ಷನ್, ಎರಡು ವರ್ಷದವರೆಗೆ ಜೈಲು, ದಂಡ. ಇಳಿಸಿದ್ದನ್ನ ಟೆಲಿಗ್ರಾಂ ಗ್ರೂಪಿಗೆ ಹಾಕೋದು, ಪೆನ್‌ಡ್ರೈವ್‌ಗೆ ತುಂಬಿಸಿ ಮಾರೋದು ಮಾಡಿದ್ರೆ 63ನೇ ಸೆಕ್ಷನ್, ಆರು ತಿಂಗಳಿಂದ ಮೂರು ವರ್ಷ, 50 ಸಾವಿರದಿಂದ 2 ಲಕ್ಷ ದಂಡ. ಇಷ್ಟು ಹೇಳಿದ ಮೇಲೂ ಅಜ್ಜಿಗೆ ಒಂದು ಯಕ್ಷಗಾನ ಇಳಿಸಿ ಕೊಟ್ರೆ ನಿಮ್ಮನೆ ಬಾಗಿಲಿಗೆ ಯಾರಾದ್ರೂ ಬರ್ತಾರೆ ಅಂತ ನಂಗೆ ಅನ್ಸಲ್ಲ. ನೀವು ಹೆದರ್ತಾ ಇರೋದು ತಪ್ಪು ಜನಕ್ಕೆ.

‘ಸೇಫ್ ಯಾವ್ದು’ ಅನ್ನೋ ಪ್ರಶ್ನೆನೂ ನಂಗೆ ಸರಿ ಕಾಣಲ್ಲ. ಓಪನ್‌ಸೋರ್ಸ್‌ನಲ್ಲಿ, ಅಂದ್ರೆ ಕೋಡ್ ಎಲ್ಲರಿಗೂ ಕಾಣೋ ಹಾಗೆ ಇಟ್ಟಿರೋದ್ರಲ್ಲಿ, ನೆಟ್ಟಗಿರೋ ಟೂಲ್ ಇಲ್ಲ ಅಂತಲ್ಲ. ಯೂಟ್ಯೂಬ್-ಡಿಎಲ್ ಅಂತ ಒಂದಿದೆ, 2020ರ ಅಕ್ಟೋಬರ್‌ನಲ್ಲಿ ಅಮೆರಿಕದ ಸಂಗೀತ ಕಂಪನಿಗಳ ಸಂಘ ದೂರು ಕೊಟ್ಟು ಗಿಟ್‌ಹಬ್‌ನಿಂದ (ಇಂಥ ಕೋಡ್ ಇಡೋ ಸೈಟ್) ತೆಗೆಸಿತ್ತು, ನವೆಂಬರ್‌ನಲ್ಲಿ ಗಿಟ್‌ಹಬ್ ವಾಪಸ್ ಹಾಕ್ತು. ಆದ್ರೆ ಅದು ಕಮಾಂಡ್ ಟೈಪ್ ಮಾಡೋ ಟೂಲ್, ‘ಒಂದು ಬಟನ್ ಒತ್ತಿದ್ರೆ ಬರ್ಬೇಕು’ ಅನ್ನೋ ನಾನು ನೀವು ಅದರ ತನಕ ಹೋಗೋದೇ ಇಲ್ಲ, ಸರ್ಚ್‌ನಲ್ಲಿ ಮೇಲೆ ಬಂದ ಜಾಹೀರಾತು ಒತ್ತುತೀವಿ. 2025ರ ಮಾರ್ಚ್‌ನಲ್ಲಿ ಎಫ್‌ಬಿಐನ ಡೆನ್ವರ್ ಆಫೀಸ್ ಇಂಥ ಪುಕ್ಕಟೆ ಕನ್ವರ್ಟರ್, ಎಂಪಿ4 ಡೌನ್‌ಲೋಡರ್‌ಗಳಲ್ಲಿ ಮಾಲ್‌ವೇರ್ ಇರತ್ತೆ ಅಂತ ಎಚ್ಚರಿಕೆನೇ ಕೊಟ್ಟಿದೆ. ಇವತ್ತು ಚೆನ್ನಾಗಿರೋ ಸೈಟ್ ಆರು ತಿಂಗಳಿಗೆ ಬೇರೆಯವ್ರ ಕೈಗೆ ಹೋಗಿರತ್ತೆ, ಹೆಸರು ಅದೇ.

ದುಡ್ಡು ಕಟ್ಟಿ ಯೂಟ್ಯೂಬ್ ಪ್ರೀಮಿಯಂ ತಗೊಳ್ಳಿ, ಅದ್ರಲ್ಲೇ ಡೌನ್‌ಲೋಡ್ ಇದೆ ಅಂತ ಕೆಲವರು ಹೇಳ್ತಾರೆ. ಫೋನಲ್ಲೇ ನೋಡೋರಿಗೆ ಅದು ಸರಿ. ಅಜ್ಜಿಗೆ ಉಪಯೋಗ ಇಲ್ಲ, ಆ ಡೌನ್‌ಲೋಡ್ ಆ್ಯಪ್ ಒಳಗೇ ಇರತ್ತೆ, ಪೆನ್‌ಡ್ರೈವ್‌ಗೆ ಬರಲ್ಲ, ಸಾಲದ್ದಕ್ಕೆ ತಿಂಗಳಿಗೊಮ್ಮೆಯಾದ್ರೂ ಫೋನ್ ನೆಟ್‌ಗೆ ಬರ್ಬೇಕು.

ನಾನು ಹೇಳೋದು, ವಿಡಿಯೊ ಹಾಕಿದವ್ರನ್ನ ಕೇಳಿ. ಸಿನಿಮಾಕ್ಕೆ ಇದು ನಡೆಯಲ್ಲ, ಅದನ್ನ ಬಿಟ್ಟುಬಿಡಿ. ಯಕ್ಷಗಾನ, ಭಜನೆ, ಹರಿಕಥೆ, ನಾಟಕ ಹಾಕೋರಲ್ಲಿ ಮುಕ್ಕಾಲು ಪಾಲು ನನ್ನಂಥವ್ರೇ, ಚಾನೆಲ್‌ನ ಎಬೌಟ್‌ನಲ್ಲಿ ಇಮೇಲೋ ಫೋನ್ ನಂಬರೋ ಇರತ್ತೆ. ಆ ತಾಳಮದ್ದಳೆ ಹಾಕಿದವ್ರು ಸಿದ್ದಾಪುರದ ಕಡೆಯವ್ರು, ಮುಂದಿನ ವರ್ಷ ಒಂದು ಮದುವೆ ಮನೇಲಿ ಸಿಕ್ಕಿದ್ರು, ನಾಚಿಕೆ ಬಿಟ್ಟು ಎಲ್ಲಾ ಹೇಳಿದೆ. ‘ಒಂದು ಫೋನ್ ಮಾಡಿದ್ರೆ ಒರಿಜಿನಲ್ಲೇ ಕೊಡ್ತಿದ್ನಲ್ಲ’ ಅಂದ್ರು, ಪಾಯಸ ಬಡಿಸಿಕೊಳ್ತಾ.

ಚಾನೆಲ್ ಏನಾಯ್ತು ಅಂದ್ರೆ, ಟ್ವಿಟರ್‌ನಲ್ಲಿ ಯೂಟ್ಯೂಬ್ ಸಪೋರ್ಟ್‌ನವ್ರ ಹಿಂದೆ ಬಿದ್ದು ಹತ್ತೊಂಬತ್ತನೇ ದಿನ ವಾಪಸ್ ಬಂತು. ಪ್ರೈವೇಟ್ ಆಗಿದ್ದವು ಸಿಕ್ಕಿದವು, ಕಳ್ಳರು ಡಿಲೀಟ್ ಮಾಡಿದ್ದು ನಲವತ್ಮೂರು ಹೋಯ್ತು. ಅದರಲ್ಲಿ ಒಂದು, ಈಗ ತೀರಿಹೋಗಿರೋ ಹಿರಿಯ ಅರ್ಥಧಾರಿಯೊಬ್ಬರ ಕೊನೇ ಕೂಟಗಳಲ್ಲಿ ಒಂದು. ಮೆಮೊರಿ ಕಾರ್ಡ್‌ನ ಅವತ್ತೇ ಫಾರ್ಮ್ಯಾಟ್ ಮಾಡಿ ಮಾರನೇ ದಿನದ ಮದುವೆಗೆ ಒಯ್ದಿದ್ದೆ, ಯೂಟ್ಯೂಬಲ್ಲಿ ಇದೆಯಲ್ಲ ಅಂತ.

ಚಾನೆಲ್‌ನಲ್ಲಿ ಒಂದು ಪೋಸ್ಟ್ ಹಾಕಿದೆ, ಯಾರ ಹತ್ರಾನಾದ್ರೂ ಇದ್ರೆ ಕಳ್ಸಿ ಅಂತ. ಮುಂಬೈಲಿ ಹೋಟೆಲ್ ಇಟ್ಟಿರೋ ನಮ್ಮ ಕಡೆಯವ್ರೊಬ್ಬರು ಮೆಸೇಜ್ ಮಾಡಿದ್ರು, ‘ಬೈಬೇಡಿ, ಯಾವ್ದೋ ಸೈಟಿಂದ ಇಳಿಸಿ ಇಟ್ಕೊಂಡಿದ್ದೆ, ಗಲ್ಲಾದಲ್ಲಿ ಕೂತು ಕೇಳೋಕೆ.’ 360ಪಿ, ಮುಖ ಎಲ್ಲಾ ಮಂಜು, ಮೂಲೆಯಲ್ಲಿ ಆ ಸೈಟಿನ ಸೀಲು. ಬೈಲಿಲ್ಲ. ಅಪ್ಪಯ್ಯಂಗೆ ಪೆನ್‌ಡ್ರೈವ್‌ಗೆ ಹಾಕಿ ಕೊಟ್ಟೆ, ಟಿವಿ ಹತ್ರ ಕುರ್ಚಿ ಎಳ್ಕೊಂಡು ಕೂತು ಪೂರ್ತಿ ನೋಡಿದ್ರು. ಮುಖ ಕಾಣಿಸತ್ತಾ ಅಂತ ಕೇಳಿದೆ. ‘ಮಾತು ಕೇಳತ್ತಲ್ಲ, ಸುಮ್ನಿರು’ ಅಂದ್ರು.