ಮ್ಯೂಸಿಕ್ ಹಾಕಿದರೆ ಕೆಟ್ಟ ಆಡಿಯೋ ಮುಚ್ಚಿಹೋಗುತ್ತದಾ?

ಸರ್, ಮಲೆನಾಡಿನ ಹಳೇ ಮನೆಯಲ್ಲಿ ತೆಗೆದ 22 ನಿಮಿಷದ ಚಿತ್ರ, ಮಾತು ಟೊಳ್ಳಾಗಿ ಕೇಳಿಸುತ್ತಿದೆ, ಉದ್ದಕ್ಕೂ ಮ್ಯೂಸಿಕ್ ಹಾಕಿಸಿದರೆ ಸರಿಹೋಗುತ್ತದಾ ಅಂತ ಕೇಳಿದ್ದೀರಿ. ಹೋಗಲ್ಲ. ಮಾತು ಹಿಡಿಯಲು ನೋಡುವವರು ಇನ್ನಷ್ಟು ಕಷ್ಟಪಡಬೇಕಾಗುತ್ತದೆ, ಅಷ್ಟೇ. ಇರುವ ದುಡ್ಡಿನಲ್ಲಿ ದೊಡ್ಡ ಪಾಲು ಮಾತಿಗೆ ಇಡಿ, ಉಳಿದದ್ದು ಸಂಗೀತಕ್ಕೆ.

ಮೊದಲು ಎಡಿಟ್ ಲಾಕ್ ಮಾಡಿ, ಅಂದರೆ ಇನ್ನು ಯಾವ ಶಾಟೂ ಬದಲಾಗದಂತೆ ಅಂತಿಮ ಮಾಡಿ. ಇಲ್ಲದಿದ್ದರೆ ಎರಡು ಶಾಟ್ ತೆಗೆದ ದಿನ ಟ್ಯೂನ್ ಕೆಲಸವೂ ಮತ್ತೆ ಶುರು. ಆಡಿಯೋ ಎಲ್ಲ 48 ಕಿಲೋಹರ್ಟ್ಸ್, 24 ಬಿಟ್ ವೇವ್ ಫೈಲ್ ಇರಲಿ. ಮೊದಲ ಫ್ರೇಮ್‌ಗೆ ಸರಿಯಾಗಿ 2 ಸೆಕೆಂಡ್ ಹಿಂದೆ ಒಂದೇ ಫ್ರೇಮ್‌ನ ಬೀಪ್ ಇಡಿ. ಸಿಂಕ್, ಅಂದರೆ ಚಿತ್ರಕ್ಕೂ ದನಿಗೂ ಇರುವ ಹೊಂದಿಕೆ, ತಪ್ಪಿದ್ದರೆ ತಕ್ಷಣ ಗೊತ್ತಾಗುತ್ತದೆ.

ಟೊಳ್ಳು ದನಿಗೆ ಕಾರಣ, ಕ್ಯಾಮೆರಾದ ಮೈಕ್ ದೂರ ಇದ್ದದ್ದು. ಬಾಯಿಂದ ನೇರ ಬಂದ ದನಿಗಿಂತ ಗೋಡೆಗೆ ಬಡಿದು ಬಂದದ್ದೇ ಅದರಲ್ಲಿ ಜಾಸ್ತಿ. ಸಾಫ್ಟ್‌ವೇರ್ ಸ್ವಲ್ಪ ತಗ್ಗಿಸುತ್ತದೆ, ಅತಿಯಾದರೆ ರೋಬೋ ಮಾತಾಡಿದಂತಾಗುತ್ತದೆ. ತೀರಾ ಕೆಟ್ಟ ಸಾಲುಗಳನ್ನಷ್ಟೇ ಡಬ್ ಮಾಡಿ. ಆ ಮನೆ ಮತ್ತೆ ಸಿಗುವುದಾದರೆ ಅದೇ ಕೋಣೆಯಲ್ಲೇ ಮಾಡಿ, ಉಳಿದ ಸಾಲುಗಳ ಜೊತೆ ಬೆರೆಯುತ್ತದೆ. ಮೈಕ್ ಬಾಯಿಂದ ಸುಮಾರು ಒಂದಡಿ ದೂರ, ಫ್ಯಾನ್, ಫ್ರಿಜ್ ಆಫ್. ಹಾಗೆಯೇ ಯಾರೂ ಉಸಿರೆತ್ತದೆ ಒಂದು ನಿಮಿಷ ಕೋಣೆಯ ಬರೀ ಮೌನ ರೆಕಾರ್ಡ್ ಮಾಡಿಕೊಳ್ಳಿ. ಇದೇ ರೂಮ್ ಟೋನ್. ಮಾತುಗಳ ಕೆಳಗೆ ಹಾಸಿದರೆ ಕಟ್‌ಗಳು ಕೇಳಿಸುವುದಿಲ್ಲ. ಶೂಟಿಂಗ್ ದಿನವೇ ಆಗಬೇಕಾದ ಕೆಲಸ, ಆದರೆ ಕಾಫಿಗೆ ಇರುವ ಟೈಮ್ ಇದಕ್ಕೆ ಯಾವ ಸೆಟ್‌ನಲ್ಲೂ ಇರಲ್ಲ!

ಮಳೆಯನ್ನೂ ಅಲ್ಲೇ ಹಿಡಿಯಿರಿ. ನೆಟ್‌ನಲ್ಲಿ ಸಿಗುವ ಮಳೆ ಯಾವುದೋ ಊರಿನ ಡಾಂಬರಿನ ಮೇಲೆ ಬಿದ್ದದ್ದು. ಹಂಚಿನ ಮೇಲಿನ ಮಳೆ, ಸೂರಿನಿಂದ ಅಂಗಳಕ್ಕೆ ತೊಟ್ಟಿಕ್ಕುವ ನೀರು, ರಾತ್ರಿಯ ಜೀರುಂಡೆ, ಇವನ್ನು ಬೇರೆ ಬೇರೆಯಾಗಿ ರೆಕಾರ್ಡ್ ಮಾಡಿ. ಕೈಯಲ್ಲಿ ಹಿಡಿಯುವ ಸಣ್ಣ ರೆಕಾರ್ಡರ್ ಸಾಕು, ಗಾಳಿ ತಡೆಯುವ ಕವರ್ ಮಾತ್ರ ಬೇಕೇ ಬೇಕು. ಇಷ್ಟನ್ನು ಜೋಡಿಸಿ, ಮ್ಯೂಸಿಕ್ ಇಲ್ಲದೆ ಇಡೀ ಚಿತ್ರ ಒಮ್ಮೆ ನೋಡಿ. ಎಲ್ಲಿ ಏನೋ ಕಡಿಮೆ ಅನಿಸುತ್ತದೋ ಅಲ್ಲಿಗಷ್ಟೇ ಸಂಗೀತ. ನನ್ನ ಅಂದಾಜಿನಲ್ಲಿ ನಾಲ್ಕೈದು ನಿಮಿಷದ್ದು ಧಾರಾಳವಾಯಿತು.

ಮಾತಿರುವ ಕಡೆ ಪಿಟೀಲು, ಕೊಳಲು ಬೇಡ. ಅವು ನುಡಿಯುವುದೂ ಹೆಚ್ಚುಕಡಿಮೆ ಮನುಷ್ಯನ ದನಿಯ ಜಾಗದಲ್ಲೇ. ತಗ್ಗಿನಲ್ಲಿ ಒಂದು ಶ್ರುತಿ ಸಾಕು. ವಾದ್ಯದವರಿಗೆ ಕೊಡಲು ದುಡ್ಡಿಲ್ಲ ಅಂತ ಕೊರಗಬೇಡಿ. ಬಿ.ವಿ. ಕಾರಂತರು ನಾಟಕಗಳಲ್ಲಿ ವಾದ್ಯವೇ ಅಲ್ಲದ ವಸ್ತುಗಳಿಂದಲೂ ಸಂಗೀತ ಹೊರಡಿಸುತ್ತಿದ್ದರು.

ಹಳೇ ಸಿನಿಮಾ ಹಾಡನ್ನು 30 ಸೆಕೆಂಡ್ ಬಳಸಿದರೆ ತೊಂದರೆಯಿಲ್ಲ ಅಂತ ಈ ಚರ್ಚೆಯಲ್ಲಿ ಒಬ್ಬರು ಬರೆದಿದ್ದಾರೆ. ಅಂಥ ಕಾನೂನೇ ಇಲ್ಲ. ದಾಸರ ಪದವನ್ನು ಬೇಕಾದರೆ ಹೊಸದಾಗಿ ಹಾಡಿಸಿ. ಸಾಹಿತ್ಯಕ್ಕೆ ಯಾರ ಅನುಮತಿಯೂ ಬೇಡ, ಆದರೆ ಇತ್ತೀಚಿನವರು ಹಾಕಿದ ರಾಗಸಂಯೋಜನೆ ಆದರೆ ಅವರನ್ನು ಕೇಳಲೇಬೇಕು. ರೆಕಾರ್ಡಿಂಗ್ ಮೇಲಂತೂ ನಮ್ಮಲ್ಲಿ 60 ವರ್ಷ ಹಕ್ಕಿರುತ್ತದೆ.

ಮಿಕ್ಸ್ (ಎಲ್ಲ ದನಿಗಳನ್ನು ಹದವಾಗಿ ಬೆರೆಸುವ ಕೆಲಸ) ಮುಗಿದಾಗ ಮಾತು, ಎಫೆಕ್ಟ್ಸ್ (ಮಳೆಯಂಥ ಸದ್ದುಗಳು), ಮ್ಯೂಸಿಕ್ ಮೂರನ್ನೂ ಬೇರೆ ಬೇರೆ ಫೈಲಾಗಿ ಕೇಳಿ ಪಡೆಯಿರಿ. ಮುಂದೆ ಬೇರೆ ಭಾಷೆಗೆ ಡಬ್ ಮಾಡಲು ಅವೇ ಬೇಕು. ಸದ್ಯಕ್ಕೆ ಒಂದು ನಿಮಿಷದ ಕಚ್ಚಾ ಆಡಿಯೋ ಇಲ್ಲಿ ಹಾಕಿ, ಯಾವ ಸಾಲು ಉಳಿಸಬಹುದು ಅಂತ ಕೇಳಿ ಹೇಳುತ್ತೇನೆ.